ಮೊದಲೇ ತಾರೀಖು ಗೊತ್ತಿದ್ದ ಸುದ್ದಿ: ಮೂಕಿ ಕಾಲದ ನ್ಯೂಸ್‌ರೀಲ್ ಹೇಗೆ ಕೆಲಸ ಮಾಡ್ತಿತ್ತು

1913ರ ಜೂನ್ 4. ಲಂಡನ್ ಹತ್ರ ಎಪ್ಸಮ್ ಅಂತ ಊರು, ಅಲ್ಲಿ ಡರ್ಬಿ ಕುದುರೆ ರೇಸು. ಟ್ಯಾಟನ್‌ಹ್ಯಾಮ್ ಕಾರ್ನರ್ ಅನ್ನೋ ತಿರುವು ಇದೆಯಲ್ಲ, ಅಲ್ಲಿ ಕ್ಯಾಮೆರಾದೋರು ಟ್ರೈಪಾಡ್ ಊರ್ಕೊಂಡು ನಿಂತಿದ್ದಾರೆ, ಹ್ಯಾಂಡಲ್ ತಿರುಗಿಸ್ತಾ ಇದ್ದಾರೆ. ಮುಂದಿನ ಗುಂಪಿನ ಕುದುರೆಗಳು ರೊಯ್ಯನೆ ಹೋಗ್ತವೆ, ಸ್ವಲ್ಪ ಜಾಗ ಖಾಲಿ, ಹಿಂದಿನ ಗುಂಪು ಬರ್ತಾ ಇದೆ, ಅಷ್ಟರಲ್ಲಿ ಬೇಲಿ ಕೆಳಗಿಂದ ನುಸುಳಿ ಒಬ್ಬ ಹೆಂಗಸು ಟ್ರ್ಯಾಕ್ ಮೇಲೆ ಬಂದು ನಿಲ್ತಾಳೆ. ಒಂದೆರಡು ಕುದುರೆ ಪಕ್ಕದಲ್ಲೇ ದಾಟಿ ಹೋಗ್ತವೆ. ಆಮೇಲೆ ಬಂದಿದ್ದು ಆನ್ಮರ್, ರಾಜ 5ನೇ ಜಾರ್ಜ್‌ನ ಕುದುರೆ. ಡಿಕ್ಕಿ ಹೊಡೆದು ಕುದುರೆನೂ ಉರುಳತ್ತೆ, ಜಾಕಿ ಹರ್ಬರ್ಟ್ ಜೋನ್ಸ್ ನೆಲಕ್ಕೆ ಬೀಳ್ತಾನೆ, ಆಕೆ ಅಲ್ಲೇ ಬಿದ್ದಿರ್ತಾಳೆ, ಕುದುರೆ ಎದ್ದು ಓಡತ್ತೆ, ಮರುಕ್ಷಣ ಜನ ಟ್ರ್ಯಾಕ್ ಮೇಲೆ ನುಗ್ಗಿ ಏನೂ ಕಾಣದ ಹಾಗಾಗತ್ತೆ. ಎಲ್ಲಾ ಸೇರಿ ಕೆಲವೇ ಸೆಕೆಂಡು. ಆಕೆ ಎಮಿಲಿ ಡೇವಿಸನ್, ಹೆಂಗಸರಿಗೂ ವೋಟಿನ ಹಕ್ಕು ಬೇಕು ಅಂತ ಹೋರಾಡ್ತಿದ್ದೋರು, ನಾಲ್ಕು ದಿನ ಆದ್ಮೇಲೆ ಜೂನ್ 8ಕ್ಕೆ ಆಸ್ಪತ್ರೆಯಲ್ಲಿ ತೀರಿಕೊಂಡ್ರು.

ಈ ಕ್ಲಿಪ್ ನೀವು ಎಲ್ಲೋ ಒಂದ್ಸಲ ನೋಡೇ ಇರ್ತೀರಿ. ಆದ್ರೆ ಒಂದು ವಿಷಯ ಯೋಚನೆ ಮಾಡಿ, ಆ ಕ್ಯಾಮೆರಾಗಳು ಅಲ್ಲಿ ಯಾಕಿದ್ವು? ಆಕೆಗೋಸ್ಕರ ಅಲ್ಲ. ರೇಸಿಗೋಸ್ಕರ. ಡರ್ಬಿ ಯಾವ ದಿನ, ಎಷ್ಟು ಗಂಟೆಗೆ, ಕುದುರೆ ಯಾವ ತಿರುವಲ್ಲಿ ತಿರುಗತ್ತೆ, ಬಿಸಿಲು ಯಾವ ಕಡೆಯಿಂದ ಬೀಳತ್ತೆ ಎಲ್ಲಾ ಮೊದಲೇ ಗೊತ್ತಿತ್ತು, ಅದಕ್ಕೇ ಕ್ಯಾಮೆರಾ ಅಲ್ಲಿತ್ತು. ಮೂಕಿ ಕಾಲದ ನ್ಯೂಸ್‌ರೀಲನ್ನ, ಅಂದ್ರೆ ಥಿಯೇಟರಲ್ಲಿ ತೋರಿಸ್ತಿದ್ದ ಸುದ್ದಿ ಫಿಲ್ಮನ್ನ, ಅರ್ಥ ಮಾಡ್ಕೊಳ್ಳೋಕೆ ಇದೊಂದು ಮಾತು ಹಿಡ್ಕೊಂಡ್ರೆ ಸಾಕು ಅಂತ ನನಗೆ ಅನ್ಸತ್ತೆ: ಮೊದಲೇ ತಾರೀಖು ಗೊತ್ತಿದ್ದ ಸುದ್ದಿ ಮಾತ್ರ ತೆರೆಗೆ ಬರ್ತಿತ್ತು, ತಾರೀಖು ಹೇಳದೆ ಬಂದ ಸುದ್ದಿ ಒಂದೋ ಅದೃಷ್ಟದಿಂದ ಸಿಗ್ತಿತ್ತು, ಇಲ್ಲಾಂದ್ರೆ ಆಮೇಲೆ ಹೆಂಗೋ ಜೋಡಿಸಿ ಮಾಡ್ತಿದ್ರು.

ನಮ್ಮಲ್ಲಿ ಸ್ವಲ್ಪ ವಯಸ್ಸಾದೋರಿಗೆ ನ್ಯೂಸ್‌ರೀಲ್ ಅಂದ್ರೆ ಸಿನಿಮಾಕ್ಕೆ ಮುಂಚೆ ಬರ್ತಿದ್ದ ಸರ್ಕಾರಿ ಇಂಡಿಯನ್ ನ್ಯೂಸ್ ರಿವ್ಯೂ ನೆನಪಾಗತ್ತೆ, ಅಣೆಕಟ್ಟಿನ ಉದ್ಘಾಟನೆ, ಪ್ರಧಾನಿ ವಿಮಾನದಿಂದ ಇಳಿಯೋದು, ನೆರೆ ಪರಿಹಾರ, ಕೊನೆಗೆ ಕ್ರಿಕೆಟ್ಟು. ಅದು ಸ್ವಾತಂತ್ರ್ಯ ಬಂದ ಮೇಲಿನ ಕಥೆ, ಅದರಲ್ಲಿ ಗಟ್ಟಿ ಧ್ವನಿಯ ಕಾಮೆಂಟ್ರಿ ಇತ್ತು. ನಾನು ಹೇಳ್ತಿರೋದು ಅದರ ಅಜ್ಜನ ಕಾಲದ್ದು, ಮಾತೇ ಇಲ್ಲದ ಕಾಲದ್ದು.

ಶುರುವಾಗಿದ್ದೂ ಇದೇ ಡರ್ಬಿಯಿಂದ ಅಂದ್ರೂ ತಪ್ಪಿಲ್ಲ. 1896ರಲ್ಲಿ ರಾಬರ್ಟ್ ಪಾಲ್ ಅನ್ನೋ ಇಂಗ್ಲಿಷ್ ಇಂಜಿನಿಯರು ತಾನೇ ಮಾಡಿದ ಕ್ಯಾಮೆರಾ ತಗೊಂಡು ಹೋಗಿ ಡರ್ಬಿ ರೇಸಿನ ಕೊನೆ ಭಾಗ ಶೂಟ್ ಮಾಡಿದ, ಆ ವರ್ಷ ಗೆದ್ದಿದ್ದು ಪರ್ಸಿಮನ್, ಯುವರಾಜನ ಕುದುರೆ. ರಾತ್ರಿಯೆಲ್ಲಾ ಕೂತು ರೀಲು ತೊಳೆದು ಮಾರನೇ ದಿನ ಸಂಜೆಗೆ ಲಂಡನ್ನಿನ ಅಲ್ಹಂಬ್ರಾ ಥಿಯೇಟರಲ್ಲಿ ತೋರಿಸಿದ. ನಿನ್ನೆ ನಡೆದಿದ್ದು ಇವತ್ತು ಕಣ್ಣೆದುರಿಗೆ ಓಡ್ತಿದೆ! ಜನ ಕುಣಿದಾಡಿಬಿಟ್ರು. ಆದ್ರೆ ಇದೆಲ್ಲಾ ಬಿಡಿ ಬಿಡಿ ಫಿಲ್ಮುಗಳು, ಒಂದು ಘಟನೆಗೆ ಒಂದು ತುಂಡು. ಪೇಪರ್ ಥರ ವಾರ ವಾರ ತಪ್ಪದೆ ಬರೋ ಸುದ್ದಿ ರೀಲು ಶುರುವಾಗಿದ್ದು ಫ್ರಾನ್ಸಲ್ಲಿ, 1908-09ರ ಹೊತ್ತಿಗೆ, ಪಾಥೆ ಕಂಪನಿಯಿಂದ. 1910ಕ್ಕೆ ಪಾಥೆಯೋರೇ ಬ್ರಿಟನ್ನಿಗೆ ತಂದ್ರು, ಅದೇ ವರ್ಷ ಗೋಮಾಂಟ್ ಗ್ರಾಫಿಕ್ ಅನ್ನೋ ರೀಲು ಬಂತು, 1911ಕ್ಕೆ ಟಾಪಿಕಲ್ ಬಜೆಟ್ ಅನ್ನೋ ರೀಲು ಬಂತು, ಅದೇ ವರ್ಷ ಆಗಸ್ಟಲ್ಲಿ ಅಮೆರಿಕದಲ್ಲೂ ಪಾಥೆ ವೀಕ್ಲಿ ಶುರು. ಹೆಸರುಗಳನ್ನೇ ನೋಡಿ, ಗೆಜೆಟ್, ಗ್ರಾಫಿಕ್, ಜರ್ನಲ್, ಎಲ್ಲಾ ಪತ್ರಿಕೆಗಳ ಹೆಸರು. ನಾವೂ ಒಂದು ಪೇಪರೇ, ಓದೋ ಬದಲು ನೋಡೋದು ಅಷ್ಟೇ, ಅನ್ನೋದು ಅವರ ಲೆಕ್ಕ.

ಬ್ರಿಟನ್ನಲ್ಲಿ ವಾರಕ್ಕೆ ಎರಡು ಸಂಚಿಕೆ. ಒಂದೊಂದು ಸಂಚಿಕೆ ಸುಮಾರು ಐದು ನಿಮಿಷ, ಅದರಲ್ಲಿ ಐದಾರು ಸುದ್ದಿ. ಅಂದ್ರೆ ಒಂದು ಸುದ್ದಿಗೆ ಹೆಚ್ಚುಕಮ್ಮಿ ಒಂದು ನಿಮಿಷ, ಕೆಲವಕ್ಕೆ ಅದೂ ಇಲ್ಲ.

ಈಗ ಕೆಲಸ ಹೇಗೆ ನಡೀತಿತ್ತು ಅಂತ ನೋಡೋಣ, ಯಾಕಂದ್ರೆ ಯಾವ ಸುದ್ದಿ ಬರತ್ತೆ ಯಾವುದು ಬರಲ್ಲ ಅನ್ನೋದು ಇಲ್ಲೇ ತೀರ್ಮಾನ ಆಗ್ತಿತ್ತು. ಕ್ಯಾಮೆರಾ ಅಂದ್ರೆ ಮರದ ಪೆಟ್ಟಿಗೆ, ಅದಕ್ಕೊಂದು ಭಾರದ ಟ್ರೈಪಾಡು, ಮೋಟರ್ ಇಲ್ಲ, ಪಕ್ಕದಲ್ಲಿ ಹ್ಯಾಂಡಲ್. ಒಂದು ಸುತ್ತು ತಿರುಗಿಸಿದ್ರೆ ಎಂಟು ಫ್ರೇಮ್, ಸೆಕೆಂಡಿಗೆ ಎರಡು ಸುತ್ತು, ಅಂದ್ರೆ ಸೆಕೆಂಡಿಗೆ 16 ಫ್ರೇಮ್. 35 ಎಂಎಂ ಫಿಲ್ಮಲ್ಲಿ ಒಂದು ಅಡಿಗೆ ಸರಿಯಾಗಿ 16 ಫ್ರೇಮ್ ಹಿಡಿಯತ್ತೆ, ಹಾಗಾಗಿ ಲೆಕ್ಕ ಸುಲಭ, ಒಂದು ಸೆಕೆಂಡಿಗೆ ಒಂದಡಿ. ಕ್ಯಾಮೆರಾಮನ್ ತಲೆಯಲ್ಲಿ ಇದೇ ಗಡಿಯಾರ ಓಡ್ತಾ ಇರ್ತಿತ್ತು, ರಾಜ ಗಾಡಿಯಿಂದ ಇಳಿಯೋಕೆ ಇಪ್ಪತ್ತಡಿ, ಕೈಬೀಸೋಕೆ ಹತ್ತಡಿ. ಫಿಲ್ಮು ದುಬಾರಿ, ಸುಮ್ನೆ ಹ್ಯಾಂಡಲ್ ತಿರುಗಿಸ್ತಾ ನಿಲ್ಲೋಕಾಗಲ್ಲ. ಈಗಿನ ಥರ ಫೋನ್ ಆನ್ ಮಾಡಿಟ್ಟು ಏನಾದ್ರೂ ಆದ್ರೆ ಸಿಗತ್ತೆ ಬಿಡು ಅನ್ನೋ ಹಾಗಿಲ್ಲ, ಏನಾಗತ್ತೆ ಅಂತ ಗೊತ್ತಿದ್ದಾಗ ಮಾತ್ರ ತಿರುಗಿಸ್ಬೇಕು.

ಇಲ್ಲೇ ಇನ್ನೊಂದು ಮಾತು ಹೇಳಿಬಿಡ್ತೀನಿ. ಹಳೇ ಫಿಲ್ಮಲ್ಲಿ ಜನ ಯಾಕೆ ಪುಟುಪುಟು ಅಂತ ಓಡ್ತಾರೆ ಅಂತ ಎಲ್ಲರೂ ಕೇಳ್ತಾರೆ. ಆಗಿನವರು ಹಾಗೆ ನಡೀತಿರಲಿಲ್ಲ, ಆಗಿನ ಪ್ರೇಕ್ಷಕರಿಗೂ ಹಾಗೆ ಕಾಣ್ತಿರಲಿಲ್ಲ. ಟಾಕಿ ಬಂದ ಮೇಲೆ ಪ್ರೊಜೆಕ್ಟರುಗಳೆಲ್ಲಾ ಸೆಕೆಂಡಿಗೆ 24 ಫ್ರೇಮಿಗೆ ನಿಂತುಬಿಟ್ವು, 16ರಲ್ಲಿ ತೆಗೆದಿದ್ದನ್ನ 24ರಲ್ಲಿ ಓಡಿಸಿದ್ರೆ 60 ಸೆಕೆಂಡಿನ ಮೆರವಣಿಗೆ 40 ಸೆಕೆಂಡಿಗೆ ಮುಗಿಯತ್ತೆ. ಸಾವಿನ ಮೆರವಣಿಗೆ ಕೂಡ ನಗು ಬರೋ ಹಾಗೆ ಕಾಣತ್ತೆ, ನನಗಂತೂ ಇದು ಆ ಜನರಿಗೆ ಆಗಿರೋ ದೊಡ್ಡ ಅನ್ಯಾಯ ಅನ್ಸತ್ತೆ.

ಶೂಟ್ ಆದ ಮೇಲೆ ನೆಗೆಟಿವ್ ತಗೊಂಡು ಓಟ. ದೊಡ್ಡ ಸುದ್ದಿ ಆದ್ರೆ ರೈಲಿನ ಬೋಗಿಯಲ್ಲೇ ಡಾರ್ಕ್ ರೂಂ ಮಾಡ್ಕೊಂಡು ಊರು ಸೇರೋದ್ರೊಳಗೆ ರೀಲು ತೊಳೆದು ಮುಗಿಸ್ತಿದ್ದ ಕಾಲನೂ ಇತ್ತು. ಆಫೀಸಲ್ಲಿ ಕತ್ತರಿ, ಜೋಡಣೆ, ಟೈಟಲ್ ಕಾರ್ಡ್, ಪ್ರಿಂಟು, ಅಲ್ಲಿಂದ ಥಿಯೇಟರ್‌ಗೆ. ಇಲ್ಲೊಂದು ತರಕಾರಿ ಮಾರ್ಕೆಟ್ ಲೆಕ್ಕ ಇತ್ತು. ಫ್ರೆಶ್ ಪ್ರಿಂಟಿಗೆ ಬಾಡಿಗೆ ಜಾಸ್ತಿ, ದಿನ ಕಳೆದ ಹಾಗೆ ರೇಟು ಇಳಿಯತ್ತೆ. ಲಂಡನ್ನಿನ ದೊಡ್ಡ ಥಿಯೇಟರಲ್ಲಿ ಎರಡನೇ ದಿನಕ್ಕೆ ಓಡಿದ ಸುದ್ದಿ, ಮೂಲೆಯಲ್ಲಿರೋ ಸಣ್ಣ ಹಾಲಿಗೆ ಬರೋ ಹೊತ್ತಿಗೆ ವಾರಗಳೇ ಆಗಿರ್ತಿತ್ತು, ಮೇಲೆಲ್ಲಾ ಗೀರು ಬಿದ್ದಿರ್ತಿತ್ತು. ಬಡವರ ಬೀದಿಗೆ ಹಳೇ ಸುದ್ದಿ.

ಹಾಗಾದ್ರೆ ಜನ ಯಾಕೆ ನೋಡ್ತಿದ್ರು? ಬೆಳಿಗ್ಗೆನೇ ಪೇಪರಲ್ಲಿ ಓದಿರ್ತಾರೆ, ಯಾರು ಗೆದ್ದರು ಯಾರು ಸತ್ತರು ಎಲ್ಲಾ ಗೊತ್ತು. ನ್ಯೂಸ್‌ರೀಲು ತಿಳಿಸೋಕೆ ಬರ್ತಿರಲಿಲ್ಲ, ಕಾಣಿಸೋಕೆ ಬರ್ತಿತ್ತು. ರಾಜ ಹೆಂಗೆ ನಡೀತಾನೆ, ಕುಳ್ಳನೋ ಎತ್ತರವೋ, ಆ ಹಡಗು ನಿಜಕ್ಕೂ ಅಷ್ಟು ದೊಡ್ಡದಾ, ಇದನ್ನ ಪೇಪರು ಎಷ್ಟು ಬರೆದ್ರೂ ಕೊಡೋಕಾಗಲ್ಲ. ಊರಲ್ಲಿ ತೇರು ನೋಡಿ ಬಂದೋರು ಮನೆಯಲ್ಲಿ ಎಷ್ಟೇ ವರ್ಣನೆ ಮಾಡಿದ್ರೂ ನೋಡದೇ ಇದ್ದೋರಿಗೆ ಒಂದು ಆಸೆ ಉಳಿದಿರತ್ತಲ್ಲ, ಆ ಆಸೆ ಮೇಲೆ ಈ ಇಡೀ ವ್ಯಾಪಾರ ನಡೀತಿತ್ತು.

ಚಿತ್ರಕ್ಕೆ ಮುಂಚೆ ಟೈಟಲ್ ಕಾರ್ಡ್ ಬರ್ತಿತ್ತು, ಕಪ್ಪು ಹಿನ್ನೆಲೆ ಮೇಲೆ ಬಿಳಿ ಅಕ್ಷರ, ಒಂದೆರಡು ಸಾಲು. ಇದನ್ನ ನಾವು ಸುಮ್ನೆ ಹೆಡ್‌ಲೈನ್ ಅಂದ್ಕೊಂಡು ದಾಟಿ ಹೋಗ್ತೀವಿ, ಆದ್ರೆ ನನ್ನ ಪ್ರಕಾರ ಇಡೀ ನ್ಯೂಸ್‌ರೀಲಿನ ಶಕ್ತಿ ಇರೋದು ಆ ಎರಡು ಸಾಲಲ್ಲಿ. ಒಂದು ಜನಜಂಗುಳಿ ಕಾಣತ್ತೆ ಅಂತಿಟ್ಕೊಳ್ಳಿ. ಮುಂಚೆ "ಸ್ವಾಗತಕ್ಕೆ ನೆರೆದ ಜನ" ಅಂತ ಕಾರ್ಡ್ ಹಾಕಿದ್ರೆ ಅವರು ಸ್ವಾಗತಕ್ಕೆ ಬಂದೋರು, "ಗಲಾಟೆಗೆ ಮುಂಚೆ" ಅಂತ ಹಾಕಿದ್ರೆ ಅದೇ ಮುಖಗಳು ಸಿಟ್ಟಾಗಿರೋ ಹಾಗೆ ಕಾಣ್ತವೆ. ಧ್ವನಿ ಇಲ್ಲ, ಅವರು ಏನು ಕೂಗ್ತಿದ್ದಾರೆ ಅಂತ ಗೊತ್ತಾಗಲ್ಲ, ಕಾರ್ಡ್ ಹೇಳಿದ್ದೇ ಅರ್ಥ. ಅದರ ಮೇಲೆ ಹಾಲಿನಲ್ಲಿ ಪಿಯಾನೋ ನುಡಿಸೋರು ಬೇರೆ, ಸೈನ್ಯ ಬಂದ್ರೆ ಮಾರ್ಚಿಂಗ್ ಟ್ಯೂನು, ಸಾವಿನ ಮೆರವಣಿಗೆ ಬಂದ್ರೆ ನಿಧಾನದ್ದು. ನಮ್ಮ ದೇಶದ ಹಾಲುಗಳಲ್ಲಿ ಓದು ಬಾರದೋರು ತುಂಬಾ ಇದ್ದಿದ್ರಿಂದ ಒಬ್ಬ ನಿಂತ್ಕೊಂಡು ಕಾರ್ಡುಗಳನ್ನ ಜೋರಾಗಿ ಓದಿ ಹೇಳೋದೂ ಇತ್ತು. ಜನ ಸುಮ್ನೆ ಕೂರ್ತಿರಲಿಲ್ಲ, ಚಪ್ಪಾಳೆ, ಶಿಳ್ಳೆ, ಇಷ್ಟ ಇಲ್ಲದೋರು ಬಂದ್ರೆ ಬೈಗುಳ. ಮೂಕಿ ಅಂತ ಹೆಸರೇ ಹೊರತು ಆ ಹಾಲು ಯಾವತ್ತೂ ಮೂಕವಾಗಿರಲಿಲ್ಲ.

ಈಗ ಮೂಲ ವಿಷಯಕ್ಕೆ ಬರ್ತೀನಿ, ತಾರೀಖು. ಟ್ರೈಪಾಡು ಊರಿ ಜಾಗ ಹಿಡಿಯೋಕೆ ಟೈಮ್ ಬೇಕು, ಬೆಳಕು ಬೇಕು, ಪರ್ಮಿಷನ್ ಬೇಕು. ಇದೆಲ್ಲಾ ಸಿಗೋದು ಎಲ್ಲಿ? ಪಟ್ಟಾಭಿಷೇಕ, ರಾಜರ ಮದುವೆ, ಹಡಗು ನೀರಿಗಿಳಿಸೋದು, ಶಂಕುಸ್ಥಾಪನೆ, ಫುಟ್‌ಬಾಲ್ ಫೈನಲ್ಲು, ಕುದುರೆ ರೇಸು, ಸೈನ್ಯದ ಪರೇಡು. ನ್ಯೂಸ್‌ರೀಲ್ ತುಂಬಾ ರಾಜರು ಕುದುರೆಗಳು ಯಾಕೆ ತುಂಬ್ಕೊಂಡಿದ್ದಾರೆ ಅಂದ್ರೆ ಕಾರಣ ರಾಜಭಕ್ತಿ ಒಂದೇ ಅಲ್ಲ, ಅವರು ಹೇಳಿದ ಟೈಮಿಗೆ ಹೇಳಿದ ದಾರಿಯಲ್ಲಿ ಹಗಲು ಬೆಳಕಲ್ಲಿ ಬರ್ತಾರೆ. ಬೆಂಕಿ ಬಿದ್ರೆ, ಗಣಿ ಕುಸಿದ್ರೆ ಕ್ಯಾಮೆರಾ ತಲುಪೋ ಹೊತ್ತಿಗೆ ಹೊಗೆ ಮಾತ್ರ ಉಳಿದಿರ್ತಿತ್ತು, ಬಾಗಿಲಲ್ಲಿ ಕಾಯ್ತಾ ನಿಂತ ಹೆಂಗಸರು ಮಾತ್ರ ಉಳಿದಿರ್ತಿದ್ರು.

ಟೈಟಾನಿಕ್ ತಗೊಳ್ಳಿ. 1912ರ ಏಪ್ರಿಲ್ 15ರ ನಸುಕಿನಲ್ಲಿ ನಡುಸಮುದ್ರದಲ್ಲಿ ಮುಳುಗಿತು, 1,500ಕ್ಕೂ ಹೆಚ್ಚು ಜನ ಸತ್ತರು. ಪ್ರಪಂಚದ ಅತಿ ದೊಡ್ಡ ಸುದ್ದಿ, ಅದರ ಒಂದು ಫ್ರೇಮೂ ಯಾರ ಹತ್ರನೂ ಇಲ್ಲ. ಥಿಯೇಟರ್ ಮುಂದೆ ಜನ ಕ್ಯೂ ನಿಂತಿದ್ದಾರೆ. ಗೋಮಾಂಟ್‌ನೋರು ಏನು ಮಾಡಿದ್ರು ನೋಡಿ. ಬೆಲ್ಫಾಸ್ಟಿನ ಹಡಗುಕಟ್ಟೆಯಲ್ಲಿ ನಿಂತಿದ್ದ ನಿಜವಾದ ಟೈಟಾನಿಕ್‌ದು ಒಂದು ಚಿಕ್ಕ ಶಾಟ್ ಇತ್ತು, ಅದನ್ನ ಹಾಕಿದ್ರು. ಆಮೇಲೆ ಕ್ಯಾಪ್ಟನ್ ಸ್ಮಿತ್ ಡೆಕ್ ಮೇಲೆ ಓಡಾಡೋ ಶಾಟು. ಮನುಷ್ಯ ಅವನೇ, ಹಡಗು ಮಾತ್ರ ಬೇರೆ, ಅದು ಟೈಟಾನಿಕ್‌ನ ಅಕ್ಕ ಹಡಗು ಒಲಿಂಪಿಕ್, ಹಿಂದಿನ ವರ್ಷ ನ್ಯೂಯಾರ್ಕಲ್ಲಿ ತೆಗೆದಿದ್ದು. ಅದರಲ್ಲಿ ಅವನು ಬೇಸಿಗೆಯ ಬಿಳಿ ಯೂನಿಫಾರ್ಮಲ್ಲಿ ಇದ್ದಾನೆ, ಟೈಟಾನಿಕ್ ಹೊರಟಿದ್ದು ಹಿಮದ ಗುಡ್ಡ ತೇಲ್ತಿದ್ದ ಚಳಿಯಲ್ಲಿ. ಆ ಶಾಟುಗಳಲ್ಲಿ ಅಕ್ಕಪಕ್ಕದ ಸಣ್ಣ ದೋಣಿಗಳ ಹೆಸರು ಕಂಡ್ರೆ ಇದು ನ್ಯೂಯಾರ್ಕ್ ಅಂತ ಗೊತ್ತಾಗಿಬಿಡತ್ತೆ, ಅದಕ್ಕೆ ಫಿಲ್ಮಿನ ಮೇಲೆ ಆ ಹೆಸರುಗಳನ್ನ ಕೆರೆದು ಅಳಿಸಿದ್ರು. ಒಂದೊಂದು ಫ್ರೇಮೂ ಕೈಯಲ್ಲೇ ಕೆರೀಬೇಕಲ್ಲ, ಸೆಕೆಂಡಿಗೆ 16. ಹಾಗಾಗಿ ಫಿಲ್ಮ್ ಓಡುವಾಗ ಹೆಸರು ಇರಬೇಕಾದ ಜಾಗದಲ್ಲಿ ಒಂದು ಗೀರು ಪಟಪಟ ಅಂತ ಕುಣೀತಾ ಇರತ್ತೆ. ಆ ಗೀರು ನೋಡಿದಾಗಲೆಲ್ಲಾ ನನಗೆ ಯಾವುದೋ ರೂಮಲ್ಲಿ ದೀಪದ ಮುಂದೆ ಬಗ್ಗಿ ಕೂತು ಕೆರೀತಿದ್ದ ಆ ಕೈ ನೆನಪಾಗತ್ತೆ. ನಿಜವಾಗಿ ಸಿಕ್ಕಿದ್ದು ಅಂದ್ರೆ ಆಮೇಲಿನದು, ಬದುಕುಳಿದೋರನ್ನ ಹೊತ್ತು ತಂದ ಕಾರ್ಪೇಥಿಯಾ ಹಡಗು, ದಡದಲ್ಲಿ ಕಾದಿದ್ದ ಜನ.

ಇದನ್ನ ಮೋಸ ಅನ್ನೋಣ್ವಾ? ಇದಕ್ಕಿಂತ ಮುಂದೆ ಹೋದೋರೂ ಇದ್ದರು. 1898ರಲ್ಲಿ ಅಮೆರಿಕ ಸ್ಪೇನ್ ಯುದ್ಧ ನಡೀವಾಗ ವೈಟಾಗ್ರಾಫ್ ಕಂಪನಿಯ ಸ್ಮಿತ್ ಮತ್ತು ಬ್ಲಾಕ್ಟನ್ ಇಬ್ಬರು ಸೇರಿ ಟೇಬಲ್ ಮೇಲೆ ನೀರು ನಿಲ್ಲಿಸಿ, ಹಡಗಿನ ಫೋಟೋ ಕತ್ತರಿಸಿ ತೇಲಿಬಿಟ್ಟು, ಚಿಟಿಕೆ ಮದ್ದು ಸಿಡಿಸಿ, ಸಿಗಾರಿನ ಹೊಗೆ ಊದಿ ಸ್ಯಾಂಟಿಯಾಗೊ ಸಮುದ್ರ ಯುದ್ಧ ಮಾಡಿಬಿಟ್ರು, ಇದನ್ನ ಆಮೇಲೆ ಸ್ಮಿತ್‌ನೇ ಬರೆದಿದ್ದಾನೆ. 1902ರದ್ದು ಇನ್ನೂ ವಿಚಿತ್ರ. ಬ್ರಿಟನ್ ರಾಜ 7ನೇ ಎಡ್ವರ್ಡ್ ಪಟ್ಟಾಭಿಷೇಕ ಜೂನ್ 26ಕ್ಕೆ ನಿಗದಿಯಾಗಿತ್ತು, ಚರ್ಚಿನ ಒಳಗೆ ಕ್ಯಾಮೆರಾ ಬಿಡಲ್ಲ ಅಂತ ಗೊತ್ತಿತ್ತು. ಹಾಗಾಗಿ ಚಾರ್ಲ್ಸ್ ಅರ್ಬನ್ ಅನ್ನೋ ನಿರ್ಮಾಪಕ ಫ್ರಾನ್ಸಿನ ಸಿನಿಮಾ ನಿರ್ದೇಶಕ ಮೆಲಿಯೆಸ್‌ಗೆ ಹೇಳಿ ಸೆಟ್ ಹಾಕಿಸಿ, ರಾಜನ ಥರ ಕಾಣೋ ಒಬ್ಬ ಬಟ್ಟೆ ಒಗೆಯೋ ಮನೆಯ ಕೆಲಸದವನಿಗೆ ಕಿರೀಟ ಇಟ್ಟು, ಪಟ್ಟಾಭಿಷೇಕ ಮೊದಲೇ ಶೂಟ್ ಮಾಡಿಸಿದ. ಅಷ್ಟರಲ್ಲಿ ನಿಜವಾದ ರಾಜನಿಗೆ ಅಪೆಂಡಿಕ್ಸ್, ಆಪರೇಷನ್ನು, ಕಾರ್ಯಕ್ರಮ ಆಗಸ್ಟ್ 9ಕ್ಕೆ ಹೋಯ್ತು. ಸುಸ್ತಾಗಿದ್ದ ರಾಜನಿಗೋಸ್ಕರ ಶಾಸ್ತ್ರಗಳನ್ನೂ ಮೊಟಕು ಮಾಡಿದ್ರು, ಆದ್ರೆ ಫಿಲ್ಮಲ್ಲಿ ಅವೆಲ್ಲಾ ಪೂರ್ತಿ ಇದ್ವು! ಆದ್ರೆ ಆಗಿನ ಎಷ್ಟೋ ಜನರಿಗೆ ಇದು ನಾಟಕ ಅಂತ ಗೊತ್ತಿತ್ತು, ಪೇಪರಲ್ಲಿ ಚಿತ್ರಕಾರ ಬರೆದ ಯುದ್ಧದ ಚಿತ್ರ ನೋಡಿ ಅಭ್ಯಾಸ ಇದ್ದೋರು ಇದನ್ನೂ ಹಾಗೇ ತಗೊಂಡ್ರು. ನಾಟಕ ಅಂತ ಹೇಳಿ ತೋರಿಸೋದು ಒಂದು, ಹೆಸರು ಕೆರೆದು ಮುಚ್ಚಿಟ್ಟು ತೋರಿಸೋದು ಇನ್ನೊಂದು. ನನಗೆ ಮೆಲಿಯೆಸ್ ಮೇಲೆ ದೂರಿಲ್ಲ, ಆ ಗೀರಿನ ಮೇಲೆ ಇದೆ.

ನಮ್ಮ ದೇಶಕ್ಕೆ ಬಂದ್ರೆ, ತಾರೀಖಿನ ಸುದ್ದಿಗೆ 1911ರ ದೆಹಲಿ ದರ್ಬಾರಿಗಿಂತ ದೊಡ್ಡ ಉದಾಹರಣೆ ಇಲ್ಲ. ಡಿಸೆಂಬರ್ 12, 5ನೇ ಜಾರ್ಜ್ ಬಂದು ಕೂರೋ ಸಮಾರಂಭ. ಹಲವು ಕಂಪನಿಗಳ ಕ್ಯಾಮೆರಾ ಬಂದಿದ್ವು, ಅದೇ ಚಾರ್ಲ್ಸ್ ಅರ್ಬನ್ ಕೈನಿಮಾಕಲರ್ ಅನ್ನೋ ಬಣ್ಣದ ಪದ್ಧತಿ ಹಿಡ್ಕೊಂಡು ಬಂದಿದ್ದ, ಕೆಂಪು ಹಸಿರು ಗಾಜು ತಿರುಗಿಸಿ ಬಣ್ಣ ಬರಿಸೋದು. ಬೇರೆಯೋರು ಕಪ್ಪು ಬಿಳುಪಲ್ಲಿ ಬೇಗ ಬೇಗ ಹಡಗಿಗೆ ಹಾಕಿ ಲಂಡನ್ನಿಗೆ ಮುಟ್ಟಿಸಿದ್ರು, ಅರ್ಬನ್‌ದು ನಿಧಾನ, 1912ರ ಫೆಬ್ರವರಿ 2ಕ್ಕೆ ಸ್ಕಾಲಾ ಥಿಯೇಟರಲ್ಲಿ ಶುರುವಾಯ್ತು, ಆದ್ರೆ ಬಣ್ಣ ನೋಡೋಕೆ ಜನ ಮುಗಿಬಿದ್ದರು.

ಆ ದಿನದ ನಿಜವಾದ ಸುದ್ದಿ ಏನು ಗೊತ್ತಾ? ರಾಜಧಾನಿ ಕಲ್ಕತ್ತಾದಿಂದ ದೆಹಲಿಗೆ ಹೋಗತ್ತೆ, ಬಂಗಾಳದ ವಿಭಜನೆ ರದ್ದು. ಗುಟ್ಟಾಗಿ ಇಟ್ಟಿದ್ದು ಅಲ್ಲೇ ಬಾಯಲ್ಲಿ ಹೇಳಿದ್ರು. ಬಾಯಲ್ಲಿ ಹೇಳಿದ್ದು ಮೂಕಿ ಫಿಲ್ಮಿಗೆ ಹೆಂಗೆ ಬೀಳತ್ತೆ? ದೇಶದ ನಕ್ಷೆನೇ ಬದಲಾಯಿಸಿದ ಮಾತು ಹೋಯ್ತು, ಆನೆ ಕುದುರೆ ಕೊಡೆ ಕಿರೀಟ ಉಳೀತು.

ಇನ್ನೊಂದು ಉಳೀತು. ಸಂಸ್ಥಾನದ ರಾಜರೆಲ್ಲಾ ಒಬ್ಬೊಬ್ಬರಾಗಿ ಬಂದು ಚಕ್ರವರ್ತಿಗೆ ತಲೆಬಾಗಿ, ಬೆನ್ನು ತೋರಿಸದೆ ಹಿಂದೆ ಹಿಂದೆ ಸರೀಬೇಕು ಅಂತ ನಿಯಮ. ದರ್ಬಾರಿಗೆ ಬಂದಿದ್ದ ಆ ರಾಜರಲ್ಲಿ ನಮ್ಮ ನಾಲ್ವಡಿ ಕೃಷ್ಣರಾಜ ಒಡೆಯರೂ ಇದ್ದರು. ಬರೋಡಾದ ಸಯಾಜಿರಾವ್ ಗಾಯಕವಾಡರು ಬಂದು ಒಂದೇ ಸಲ ಬಗ್ಗಿ ತಿರುಗಿ ನಡೆದುಬಿಟ್ರು. ಅಲ್ಲಿದ್ದ ಎಷ್ಟೋ ಜನ ಗಮನಿಸಿದ್ರೋ ಇಲ್ವೋ, ಆದ್ರೆ ಫಿಲ್ಮ್ ಗಮನಿಸಿತ್ತು. ಲಂಡನ್ನಲ್ಲಿ ತೆರೆ ಮೇಲೆ ಬಂದಾಗ ಗದ್ದಲ, ರಾಜದ್ರೋಹಿ ಅಂತ ಕೂಗು, ಪೇಪರಲ್ಲಿ ದಿನಾ ಅದೇ. ಕೊನೆಗೆ ಗಾಯಕವಾಡರು ವೈಸ್‌ರಾಯ್‌ಗೆ ಕ್ಷಮೆ ಕೋರಿ ಕಾಗದ ಬರೀಬೇಕಾಯ್ತು, ಗಲಿಬಿಲಿಯಲ್ಲಿ ಆಗಿದ್ದು ಅಂತ. ಬೇಕಂತಲೇ ಮಾಡಿದ್ರಾ ಅನ್ನೋ ಚರ್ಚೆ ಇವತ್ತಿಗೂ ಮುಗಿದಿಲ್ಲ. ಕ್ಯಾಮೆರಾ ಇದ್ದಿದ್ದು ದೂರದಲ್ಲಿ, ಕಾಣೋದು ಇಷ್ಟಿಷ್ಟುದ್ದದ ಮನುಷ್ಯರು, ಮುಖದ ಭಾವ ಏನೂ ಕಾಣಲ್ಲ, ಬಿಳಿ ಬಟ್ಟೆಯ ಒಬ್ಬರು ಬಂದ್ರು, ಬಗ್ಗಿದ್ರು, ತಿರುಗಿದ್ರು. ಆದ್ರೆ ಅಷ್ಟೇ ಚಿತ್ರನ ಮತ್ತೆ ಮತ್ತೆ ಓಡಿಸಿ ನೋಡಬಹುದು ಅನ್ನೋದೇ ಹೊಸದು. ವಿಧೇಯತೆ ತೋರಿಸೋಕೆ ಅಂತ ತರಿಸಿದ್ದ ಕ್ಯಾಮೆರಾ ಒಂದು ಅವಿಧೇಯತೆಯನ್ನ ಸಾವಿರಾರು ಜನರ ಮುಂದೆ ಇಟ್ಟಿತು.

ಮೊದಲ ಮಹಾಯುದ್ಧ ಬಂದಾಗ ಸರ್ಕಾರಗಳಿಗೆ ಈ ಶಕ್ತಿ ಸರಿಯಾಗಿ ಅರ್ಥ ಆಯ್ತು. 1916ರಲ್ಲಿ ಫ್ರಾನ್ಸಲ್ಲಿ ನಡೆದ ಸೊಮ್ ಯುದ್ಧವನ್ನ ಮಾಲಿನ್ಸ್ ಮತ್ತು ಮೆಕ್‌ಡೊವೆಲ್ ಅನ್ನೋ ಇಬ್ಬರು ಶೂಟ್ ಮಾಡಿದ್ರು, ಅದು ನ್ಯೂಸ್‌ರೀಲಿಗಿಂತ ಉದ್ದದ ಫಿಲ್ಮು, ಬ್ರಿಟನ್ನಲ್ಲಿ ಆರು ವಾರದಲ್ಲಿ ಸುಮಾರು 2 ಕೋಟಿ ಟಿಕೆಟ್ ಮಾರಾಟ ಆಯ್ತು ಅಂತ ಅಂದಾಜು. ಜುಲೈ 1ರ ಬೆಳಿಗ್ಗೆ 7:20ಕ್ಕೆ ಹಾಥಾರ್ನ್ ರಿಜ್ ಅನ್ನೋ ದಿಬ್ಬದ ಕೆಳಗಿನ ಸುರಂಗ ಸಿಡಿಯತ್ತೆ, ಮಣ್ಣು ಆಕಾಶಕ್ಕೆ ಏಳತ್ತೆ, ಅದು ನೂರಕ್ಕೆ ನೂರು ನಿಜ, ಯಾಕಂದ್ರೆ ಎಷ್ಟೊತ್ತಿಗೆ ಸಿಡಿಯತ್ತೆ ಅಂತ ಮಾಲಿನ್ಸ್‌ಗೆ ಮೊದಲೇ ಹೇಳಿದ್ರು. ಮತ್ತೆ ನೋಡಿ, ತಾರೀಖು. ಆದ್ರೆ ಸೈನಿಕರು ಕಂದಕದಿಂದ ಮೇಲೆ ಹತ್ತಿ ನುಗ್ಗುವಾಗ ಇಬ್ಬರು ಜಾರಿ ಬೀಳೋ ದೃಶ್ಯ, ಜನ ಹಾಲಲ್ಲಿ ಅತ್ತಿದ್ದು ಅದಕ್ಕೇ, ಅದು ಯುದ್ಧಭೂಮಿಯಿಂದ ಹಿಂದೆ ಒಂದು ತರಬೇತಿ ಶಾಲೆ ಹತ್ರ ಮಾಡಿಸಿದ್ದು. ಗಾಯಗೊಂಡು ಕ್ಯಾಮೆರಾ ಕಡೆ ನೋಡ್ತಾ ಹೋಗೋ ಮುಖಗಳು ಮಾತ್ರ ನಿಜವಾದವು. ಮರುವರ್ಷ ಬ್ರಿಟನ್ನಿನ ಯುದ್ಧ ಇಲಾಖೆ ಟಾಪಿಕಲ್ ಬಜೆಟ್ಟನ್ನೇ ತನ್ನ ಕೈಗೆ ತಗೊಂಡಿತು. ಕ್ರಾಂತಿಯಾದ ರಷ್ಯಾದಲ್ಲಿ ಜೀಗಾ ವೆರ್ತೊವ್ ಅನ್ನೋ ನಿರ್ದೇಶಕ 1922ರಿಂದ 25ರವರೆಗೆ ಕಿನೋ ಪ್ರಾವ್ದಾ ಅಂತ 23 ಸಂಚಿಕೆ ಮಾಡಿದ, ಟೈಟಲ್ ಕಾರ್ಡನ್ನೇ ಕುಣಿಸಿದ, ಕತ್ತರಿಯನ್ನೇ ಭಾಷೆ ಮಾಡಿದ, ಅವನ ಬಗ್ಗೆ ಬರೆಯೋಕೆ ಹೋದ್ರೆ ಬೇರೆ ಲೇಖನನೇ ಬೇಕು.

ನಮ್ಮೋರೂ ಸುಮ್ನೆ ಕೂತಿರಲಿಲ್ಲ. ಮುಂಬೈಯಲ್ಲಿ ಸಾವೆ ದಾದಾ ಅಂತಲೇ ಹೆಸರಾಗಿದ್ದ ಹರಿಶ್ಚಂದ್ರ ಭಾಟವಡೇಕರ್ 1899ರಲ್ಲಿ ಒಂದು ಕುಸ್ತಿ ಶೂಟ್ ಮಾಡಿದ್ರು, 1901ರಲ್ಲಿ ಕೇಂಬ್ರಿಡ್ಜಲ್ಲಿ ಗಣಿತದಲ್ಲಿ ಮೊದಲ ಸ್ಥಾನ ಪಡೆದು ಬಂದ ಪರಾಂಜಪೆಯವರಿಗೆ ಸಿಕ್ಕ ಸ್ವಾಗತ ಶೂಟ್ ಮಾಡಿದ್ರು, ಭಾರತದ ಮೊದಲ ಸುದ್ದಿಚಿತ್ರ ಅಂತ ಅದನ್ನ ಎಣಿಸ್ತಾರೆ. ನನಗೆ ಇದು ತುಂಬಾ ಇಷ್ಟ, ಮೊದಲ ಸುದ್ದಿಯಲ್ಲಿ ರಾಜನಿಲ್ಲ, ಲೆಕ್ಕದ ಮೇಷ್ಟ್ರು ಇದ್ದಾರೆ. ಕಲ್ಕತ್ತಾದಲ್ಲಿ ಹೀರಾಲಾಲ್ ಸೇನ್ 1905ರ ಸೆಪ್ಟೆಂಬರ್ 22ಕ್ಕೆ ಬಂಗಾಳ ವಿಭಜನೆ ವಿರೋಧಿಸಿ ಟೌನ್ ಹಾಲಲ್ಲಿ ನಡೆದ ಸಭೆ, ಮೆರವಣಿಗೆ ಶೂಟ್ ಮಾಡಿದ್ರು. ಸಭೆಗೆ ಕರಪತ್ರ ಹಂಚಿರ್ತಾರಲ್ಲ, ದಿನ ಗೊತ್ತು. ಆದ್ರೆ ಅವರ ಒಂದು ಅಡಿ ಫಿಲ್ಮೂ ಇವತ್ತು ಇಲ್ಲ. ಆಗಿನ ಫಿಲ್ಮು ನೈಟ್ರೇಟು, ಒಂದ್ಸಲ ಹತ್ತಿಕೊಂಡ್ರೆ ನೀರು ಹಾಕಿದ್ರೂ ಆರಲ್ಲ. 1917ರ ಒಂದು ಬೆಂಕಿಯಲ್ಲಿ ಎಲ್ಲಾ ಸುಟ್ಟು ಹೋಯ್ತು, ಅದೇ ವರ್ಷ ಸೇನ್ ಕೂಡ ಹೋದ್ರು.

ಎಮಿಲಿ ಡೇವಿಸನ್ ವಿಷಯ ಅರ್ಧಕ್ಕೆ ಬಿಟ್ಟಿದ್ದೆ. ಜೂನ್ 14ಕ್ಕೆ ಆಕೆಯ ಅಂತಿಮ ಯಾತ್ರೆ ಲಂಡನ್ ಬೀದಿಯಲ್ಲಿ ನಡೀತು, ಹೋರಾಟದ ಹೆಂಗಸರು ಸಾಲು ಸಾಲಾಗಿ, ಕೈಯಲ್ಲಿ ಹೂವು ಹಿಡಿದು, ಹೆಜ್ಜೆ ಹಾಕ್ತಾ. ಆ ದಿನವೂ ಕ್ಯಾಮೆರಾಗಳು ಬಂದಿದ್ವು, ಈ ಸಲ ರೇಸಿಗಲ್ಲ, ಆಕೆಗೋಸ್ಕರನೇ. ಸಂಘಟನೆಯೋರಿಗೆ ಗೊತ್ತಿತ್ತು, ದಿನ ಹೇಳಿ, ದಾರಿ ಹೇಳಿ, ನಿಧಾನಕ್ಕೆ ನಡೆದ್ರೆ ಕ್ಯಾಮೆರಾ ಬರತ್ತೆ ಅಂತ. ರಾಜರ ಕೈಯಲ್ಲಿದ್ದ ಉಪಾಯ ಹೋರಾಟಗಾರರ ಕೈಗೆ ಬಂತು.

ಇದನ್ನ ಪೂರ್ತಿಯಾಗಿ ಬಳಸಿದ್ದು ಗಾಂಧೀಜಿ ಅಂತ ನನಗೆ ಅನ್ಸತ್ತೆ. 1927ರ ಮೇ 20ಕ್ಕೆ ಅಟ್ಲಾಂಟಿಕ್ ಸಮುದ್ರ ದಾಟೋಕೆ ಪೈಲಟ್ ಲಿಂಡ್‌ಬರ್ಗ್ ವಿಮಾನ ಏರಿದ್ದನ್ನ ಫಾಕ್ಸ್ ಕಂಪನಿಯೋರು ಸದ್ದಿನ ಸಮೇತ ಹಿಡಿದು ಅದೇ ರಾತ್ರಿ ನ್ಯೂಯಾರ್ಕಲ್ಲಿ ತೋರಿಸಿದ್ರು, ಅಲ್ಲಿಗೆ ಅಮೆರಿಕದಲ್ಲಿ ಮೂಕಿಗೆ ದಿನ ಎಣಿಕೆ ಶುರು, ಆದ್ರೆ 1930ರಲ್ಲಿ ಭಾರತದ ಸಿನಿಮಾ ಇನ್ನೂ ಮೂಕಿನೇ. ಆ ವರ್ಷದ ಉಪ್ಪಿನ ಸತ್ಯಾಗ್ರಹ ನೋಡಿ. ಮಾರ್ಚ್ 2ಕ್ಕೆ ವೈಸ್‌ರಾಯ್‌ಗೆ ಕಾಗದ ಬರೆದು ಮೊದಲೇ ಹೇಳಿದ್ರು. ಮಾರ್ಚ್ 12ಕ್ಕೆ ಸಾಬರಮತಿಯಿಂದ ಹೊರಟ್ರು, ಸುಮಾರು 385 ಕಿ.ಮೀ., 24 ದಿನ, ನಡಿಗೆಯಲ್ಲಿ, ಹಗಲಲ್ಲಿ, ಊರಿಂದ ಊರಿಗೆ, ಏಪ್ರಿಲ್ 6ರ ಬೆಳಿಗ್ಗೆ ದಾಂಡಿಯಲ್ಲಿ ಉಪ್ಪು ಕೈಗೆತ್ತಿಕೊಂಡ್ರು. ಭಾಷಣ ಫಿಲ್ಮಿಗೆ ಬೀಳಲ್ಲ, ನಡಿಗೆ ಬೀಳತ್ತೆ. ಬಗ್ಗಿ ಒಂದು ಹಿಡಿ ಉಪ್ಪು ಎತ್ತೋದಕ್ಕೆ ಟೈಟಲ್ ಕಾರ್ಡೇ ಬೇಡ. ಮುಂಬೈಯ ಚಿತ್ರ ಕಂಪನಿಗಳು ಇದನ್ನ ಶೂಟ್ ಮಾಡಿದ್ವು, ಸರ್ಕಾರ ಆ ಫಿಲ್ಮುಗಳನ್ನ ತೋರಿಸಕೂಡದು ಅಂತ ನಿಷೇಧ ಹಾಕಿತು. 1918ರ ಸಿನಿಮಾ ಕಾಯ್ದೆ, ಆಮೇಲೆ ಬಂದ ಸೆನ್ಸಾರ್ ಬೋರ್ಡುಗಳು ಇಂಥದಕ್ಕೇ ಕೈಯಲ್ಲಿದ್ವು. ಪೇಪರಲ್ಲಿ ಎಲ್ಲರೂ ಓದಿ ಆಗಿತ್ತು, ಆದ್ರೂ ನೋಡೋದನ್ನ ತಡೀಬೇಕು ಅಂತ ಅವರಿಗೆ ಅನ್ನಿಸ್ತು.

ಗಾಂಧೀಜಿ ಜೊತೆ ಸಾಬರಮತಿಯಿಂದ ಹೊರಟ 78 ಜನರಲ್ಲಿ ಕನ್ನಡದ ಹುಡುಗ ಒಬ್ಬ ಇದ್ದ, ಈಗಿನ ಹಾವೇರಿ ಜಿಲ್ಲೆಯ ಮೋಟೆಬೆನ್ನೂರಿನ ಮೈಲಾರ ಮಹದೇವಪ್ಪ, ಆಗ 18 ವರ್ಷ. ಮುಂದೆ 1943ರಲ್ಲಿ ಹೊಸರಿತ್ತಿಯಲ್ಲಿ ಪೊಲೀಸರ ಗುಂಡಿಗೆ ಬಲಿಯಾದೋರು ಅವರೇ. ದಾಂಡಿ ನಡಿಗೆಯ ಉಳಿದಿರೋ ತುಣುಕುಗಳು ಸಿಕ್ಕಿದಾಗ ನಾನು ವಿಡಿಯೋದ ಸ್ಪೀಡು 0.75ಕ್ಕೆ ಇಳಿಸ್ಕೋತೀನಿ. ಪುಟುಪುಟು ಓಟ ನಿಂತು ಕಾಲುಗಳು ಮನುಷ್ಯರ ಕಾಲಿನ ಹಾಗೆ ಬೀಳ್ತವೆ, ಧೂಳು ನಿಧಾನಕ್ಕೆ ಏಳತ್ತೆ. ಮುಂದೆ ಕೋಲು ಹಿಡಿದ ಗಾಂಧೀಜಿ ಎಲ್ಲರಿಗೂ ಗೊತ್ತು. ನಾನು ಹಿಂದಿನ ಸಾಲು ನೋಡ್ತೀನಿ, ಬಿಳಿ ಟೋಪಿ, ಹೆಗಲಿಗೆ ಚೀಲ, ಯಾರ ಹೆಸರೂ ಬರೆದಿಲ್ಲದ ಮುಖಗಳು, ಒಂದೊಂದೇ ಫ್ರೇಮ್ ನಿಲ್ಲಿಸಿ.